ಕರೆಗಲ್ಲಿಗೆ ಕೊಟ್ಟ ಮಾತು

ಬೀರೂರು ಬಿಟ್ಟು ಶಿವನಿಯ ಕಡೆ ಬರುವ ರಸ್ತೆಯಲ್ಲಿ ರುದ್ರಮೂರ್ತಿಯ ಲಾಡ್ಜು. ಅದರ ಮುಂದೆ ಒಂದು ಬೋರ್ಡು: 'ಡೆಸರ್ಟ್ ಸನ್‌ಸೆಟ್ ಟೂರ್'. ಡೆಸರ್ಟ್ ಅಂತೆ! ಹುಡುಕಿದರೂ ಒಂದು ಬೊಗಸೆ ಮರಳು ಸಿಗದ ಸೀಮೆ ಇದು. ಇರುವುದು ದನ ಕುರಿ ಮೇಯುವ ಕಾವಲು, ಮೊಣಕಾಲೆತ್ತರದ ಒಣಹುಲ್ಲು, ಅಲ್ಲೊಂದು ಇಲ್ಲೊಂದು ಜಾಲಿಗಿಡ, ನಡುವೆ ಒಂಟಿಯಾಗಿ ಎದ್ದು ನಿಂತ ಕರಿಯ ಕಲ್ಲು, ಜನರ ಬಾಯಲ್ಲಿ ಕರೆಗಲ್ಲು. ರುದ್ರಮೂರ್ತಿ ಒಂದು ಸಲ ಸಂಸಾರ ಸಮೇತ ರಾಜಸ್ಥಾನಕ್ಕೆ ಹೋಗಿ, ಒಂಟೆ ಹತ್ತಿ ಬಿದ್ದು, ಸೊಂಟ ಉಳುಕಿಸಿಕೊಂಡು ಬಂದವನು. ಸೂರ್ಯ ಮುಳುಗುವುದನ್ನು ನೋಡಲು ಅಲ್ಲಿ ಜನ ಸಾಲುಗಟ್ಟಿ ಬರುತ್ತಾರೆ ಎಂಬುದನ್ನು ಮಾತ್ರ ಮರೆಯದೆ ಊರಿಗೆ ತಂದ. ಯಾಕೆ, ನಮ್ಮ ಸೂರ್ಯ ಮುಳುಗುವುದಿಲ್ಲವೇ ಎಂದು ಬೋರ್ಡು ಬರೆಸಿಯೇಬಿಟ್ಟ.

ಬೋರ್ಡೇನೋ ಆಯಿತು, ಜನರನ್ನು ಕರೆದುಕೊಂಡು ಹೋಗುವವರು ಬೇಕಲ್ಲ! ಹೊತ್ತು ಇಳಿದ ಮೇಲೆ ಆ ಕಲ್ಲಿನ ಹತ್ತಿರ ಸುಳಿಯಲು ಸುತ್ತಲ ಹಟ್ಟಿಗಳಲ್ಲಿ ಒಬ್ಬರೂ ಒಪ್ಪಲಿಲ್ಲ. ಲಾಡ್ಜಿನಲ್ಲಿ ಬೆಡ್‌ಶೀಟು ಒಗೆಯುತ್ತಿದ್ದ ಶಂಕರಮ್ಮ ಸೆರಗಿಗೆ ಕೈ ಒರೆಸಿಕೊಂಡು ಬಂದಳು. "ನಾನ್ ಕರ್ಕಂಡ್ ಹೋಗ್ತೀನಿ ಕಣ್ರೀ. ಆದ್ರೆ ಅಲ್ಲಿ ನಾನ್ ಹೇಳ್ದಂಗೆ ಕೇಳ್ಬೇಕು, ಅಷ್ಟೇಯ." ರುದ್ರಮೂರ್ತಿಗೆ ಬೇಕಾಗಿದ್ದೂ ಅಷ್ಟೇ. ಶಂಕರಮ್ಮನ ಅಳಿಯ ಶಿವಕುಮಾರನ ಹಳೆಯ ಜೀಪು ಬಾಡಿಗೆಗೆ ಗೊತ್ತಾಯಿತು, ಓಡಿಸುವವನೂ ಅವನೇ.

ಅವಳು ಹೇಳಿದಂತೆ ಕೇಳಬೇಕಾದದ್ದು ಒಂದೇ ಮಾತು. ನಮ್ಮ ಕಡೆ ಮನೆಯಿಂದ ಹೊರಡುವಾಗ ಯಾರೂ 'ಹೋಗ್ತೀನಿ' ಅನ್ನುವುದಿಲ್ಲ. ಅಂದರೆ ಬಡಿದು ಬಾಯಿ ಮುಚ್ಚಿಸುತ್ತಾರೆ. 'ಬತ್ತೀನಿ' ಎಂದೇ ಹೊಸ್ತಿಲು ದಾಟಬೇಕು, ಹಾಗೆ ಅಂದವರು ತಿರುಗಿ ಬರುತ್ತಾರೆ. ಕರೆಗಲ್ಲಿನ ಹತ್ತಿರ ಮಾತ್ರ ಇದೆಲ್ಲ ತಿರುಗುಮುರುಗು. ಅಲ್ಲಿಂದ ಎದ್ದು ಬರುವಾಗ 'ಹೋಗ್ತೀನಿ' ಅನ್ನಬೇಕು. ಬಾಯಿತಪ್ಪಿ 'ಬತ್ತೀನಿ' ಅಂದಿರೋ, ಕೆಟ್ಟಿರಿ. ಕಲ್ಲು ಅದನ್ನು ಕೊಟ್ಟ ಮಾತು ಎಂದು ಹಿಡಿದಿಟ್ಟುಕೊಳ್ಳುತ್ತದೆ. ಮಾರನೆಯ ದಿನ ಹೊತ್ತು ಮುಳುಗುವುದರೊಳಗೆ ಅಂದವರು ತಾವಾಗಿಯೇ ಎದ್ದು ಅದರ ಬುಡಕ್ಕೆ ನಡೆದು ಬರುತ್ತಾರೆ.

ಇದನ್ನು ಶಂಕರಮ್ಮ ಬರೀ ಕೇಳಿ ತಿಳಿದವಳಲ್ಲ. ಅವಳ ಗಂಡ ದೊಡ್ಡಬೀರಪ್ಪ ಕುರಿ ಮೇಯಿಸುತ್ತಿದ್ದ, ಅತಿ ಮರ್ಯಾದಸ್ಥ. ಬಸ್ಸಿಳಿದರೆ ಕಂಡಕ್ಟರಿಗೆ 'ಬತ್ತೀನಣ್ಣ', ಬೋರ್‌ವೆಲ್ಲಿನಲ್ಲಿ ನೀರು ಕುಡಿದರೆ ಅದಕ್ಕೂ 'ಬತ್ತೀನಪ್ಪ'. ಹಟ್ಟಿಯೆಲ್ಲ ಅವನನ್ನು ಆಡಿಕೊಂಡು ನಗುತ್ತಿತ್ತು. ಒಂದು ಉರಿಬಿಸಿಲಿನ ದಿನ ಗಂಡ ಹೆಂಡತಿ ಆ ಕಲ್ಲಿನ ನೆರಳಿನಲ್ಲಿ ಕುರಿ ನಿಲ್ಲಿಸಿಕೊಂಡು ಬುತ್ತಿ ಉಂಡರು. ಏಳುವಾಗ ಅವನು ಕಲ್ಲಿನ ಬೆನ್ನು ತಟ್ಟಿ, "ಬತ್ತೀನಪ್ಪಾ, ನೆಳ್ಳು ಕೊಟ್ಟೆ" ಎಂದ. ಶಂಕರಮ್ಮ ನಕ್ಕಳು. ಮಾರನೆಯ ಸಂಜೆ ಅರ್ಧ ಮುದ್ದೆ ತಟ್ಟೆಯಲ್ಲೇ ಬಿಟ್ಟು, ಕೈ ತೊಳೆದುಕೊಂಡು, ಕಂಬಳಿ ಹೆಗಲಿಗೆ ಹಾಕಿಕೊಂಡು ಹೊರಟ. ಕುರಿರೊಪ್ಪಕ್ಕೆ ಹೋದನೆಂದು ಅವಳು ತಿಳಿದಳು. ಸಿಕ್ಕಿದ್ದು ಕಲ್ಲಿನ ಬುಡದಲ್ಲಿ, ಒರಗಿ ಕೂತಂತೆ, ಪಡುವಣಕ್ಕೆ ಕಣ್ಣು ತೆರೆದುಕೊಂಡು.

ಆಸ್ಪತ್ರೆಯವರು ಹೃದಯಾಘಾತ ಅಂದರು. ಅವಳ ಅತ್ತೆ ಮಾತ್ರ ಎದೆ ಬಡಿದುಕೊಂಡು, "ಅವ ಮಾತ್ ಕೊಟ್ಟಿದ್ನ ಮೊದ್ಲೇ ಯಾಕ್ ಹೇಳ್ಲಿಲ್ವೇ! 'ಅವ ಅಲ್ಲ, ನಾನ್ ಬತ್ತೀನಿ' ಅಂತ ಯಾರಾದ್ರೂ ತಮ್ ಮೇಲೆ ಹಾಕ್ಕಂಡಿದ್ರೆ ಬಿಡ್ತಿತ್ತು" ಎಂದು ಅತ್ತಳು. ಶಂಕರಮ್ಮನಿಗೆ ಕಲ್ಲಿನ ಈ ಕಟ್ಟಳೆ ಆಗಲೇ ಗೊತ್ತಾದದ್ದು. ಕುರಿ ಮಾರಿ, ಒಗೆಯುವ ಕೆಲಸ ಹಿಡಿದು, ಮಗಳು ಅನಿತಾಳನ್ನು ಸಾಕಿ ಶಿವಕುಮಾರನಿಗೆ ಕೊಟ್ಟಳು. ಅಂಥವಳು ಆ ಕಲ್ಲಿನ ಹತ್ತಿರ ದಿನಾ ಹೋಗುವುದೇಕೆ ಎಂದು ಜನ ಕೇಳಿದರೆ, "ನಾನಿಲ್ದಿದ್ರೆ ಬಂದೋರಿಗೆ ಹೇಳೋರ್ ಯಾರು?" ಅನ್ನುತ್ತಿದ್ದಳು. ಅದು ನಿಜವೇ. ಆದರೆ ಪೂರಾ ನಿಜವಲ್ಲ. ಅವಳಿಗೆ ಗಂಡನ ಮೇಲೆ ಸಿಟ್ಟು ಇನ್ನೂ ಆರಿರಲಿಲ್ಲ. ಜನರೆಲ್ಲ ಫೋಟೋ ತೆಗೆಯುವಾಗ ಕಲ್ಲಿನ ಹಿಂಬದಿಗೆ ಹೋಗಿ, "ಯಾವನಿಗೆ ಬೇಕಾಗಿತ್ತು ನಿನ್ ಮರ್ವಾದೆ? ಸುಮ್ನೆ ಎದ್ ಬಂದಿದ್ರೆ ಗಂಟೇನ್ ಹೋಗ್ತಿತ್ತು?" ಎಂದು ಸಣ್ಣ ದನಿಯಲ್ಲಿ ಬೈಯುತ್ತಿದ್ದಳು. ಕಲ್ಲಿನಿಂದ ಒಂದು ದಿನವೂ ಉತ್ತರ ಬರಲಿಲ್ಲ. ಬರಲಿ ಎಂದು ಆಸೆಯಿತ್ತು, ಅದನ್ನು ಮುಚ್ಚಿಟ್ಟು ಏನು ಪ್ರಯೋಜನ.

ಬೆಂಗಳೂರಿನವರಿಂದ ಅವಳಿಗೆ ತಲೆನೋವಿರಲಿಲ್ಲ. ಅವರು ಕಲ್ಲಿಗೆ ಕೈಬೀಸಿ 'ಬೈ ಬೈ' ಅನ್ನುತ್ತಾರೆ. ಆ ಬೈಯಿಂದ ಯಾರಿಗೂ ಏನೂ ಆಗಿದ್ದಿಲ್ಲ. ಅವಳು ಹೆದರುತ್ತಿದ್ದದ್ದು ನಮ್ಮವರಿಗೇ, ಹೊಸ್ತಿಲಲ್ಲಿ ಆಡುವ ಮಾತನ್ನು ನಾಲಗೆಯ ತುದಿಯಲ್ಲೇ ಇಟ್ಟುಕೊಂಡು ಬರುವವರಿಗೆ.

ಆ ದಿನ ಬಂದದ್ದು ತರೀಕೆರೆಯ ಒಂದು ಕುಟುಂಬ. ಅಡಿಕೆ ವ್ಯಾಪಾರದ ರೇಣುಕಪ್ರಸಾದ್, ಹೆಂಡತಿ ಸಂಗೀತಾ, ತಾಯಿ ದಾಕ್ಷಾಯಣಮ್ಮ, ಇನ್ನೂ ಹಾಲುಹಲ್ಲು ಬೀಳುತ್ತಿದ್ದ ಮಗಳು ಕೃತಿಕಾ. ಜೀಪಿನಲ್ಲಿ ಶಂಕರಮ್ಮ ಎಂದಿನಂತೆ ಹೇಳಿದಳು, "ಹೊರಡೋವಾಗ ಬತ್ತೀನಿ ಅನ್ಬೇಡಿ. ಹೋಗ್ತೀನಿ ಅನ್ಬೇಕು."

ದಾಕ್ಷಾಯಣಮ್ಮ ಹುಬ್ಬು ಗಂಟಿಕ್ಕಿದರು. "ಅದ್ಯಾವ ಪದ್ಧತಿಯಮ್ಮ? ಹೋಗ್ತೀನಿ ಅಂತ ಬಾಯಲ್ಲಿ ತರಬಾರದು ಅಂತ ಈ ಮಗೂಗೆ ಹೇಳಿ ಹೇಳಿ ಕಲಿಸಿದೀನಿ."

"ಇಲ್ಲಿ ಅಷ್ಟೇ ಕಣಮ್ಮ. ಇಲ್ಲ ಅಂದ್ರೆ ಸುಮ್ನೆ ಬಾಯಿ ಮುಚ್ಕಂಡ್ ಬನ್ನಿ, ಅದೂ ಆಯ್ತದೆ."

ಕಲ್ಲು ಮುಟ್ಟುವ ಹೊತ್ತಿಗೆ ಸೂರ್ಯ ದೂರದ ಗಿರಿಸಾಲಿನ ಮೇಲೆ ಕೂತಿದ್ದ. ಕಾವಲಿನ ಹುಲ್ಲೆಲ್ಲ ಕೆಂಪಗೆ ಕಾಣುತ್ತಿತ್ತು. ರೇಣುಕಪ್ರಸಾದ್ ಫೋನು ಹಿಡಿದು ಎಲ್ಲರನ್ನೂ ನಿಲ್ಲಿಸಿ ಫೋಟೋ ತೆಗೆದ. ಸೂರ್ಯನ ಕೊನೆಯ ಚೂರು ಇಳಿಯಿತು. ಅದುವರೆಗೆ ಬೀಸುತ್ತಿದ್ದ ಗಾಳಿ ಪಟ್ಟನೆ ನಿಂತಿತು. ಗೌಜಲಕ್ಕಿಗಳ ಸದ್ದೂ ಇಲ್ಲ. ಶಂಕರಮ್ಮನಿಗೆ ಇದು ಹಿಡಿಸಲಿಲ್ಲ. "ಏಳಿ ಏಳಿ, ಹೊರಡಣ" ಎಂದು ಅವಸರ ಮಾಡಿದಳು.

ರೇಣುಕಪ್ರಸಾದ್ ನಗುತ್ತ "ಹೋಗ್ತೀವಪ್ಪ" ಎಂದ. ಸಂಗೀತಾಳೂ ಅಂದಳು. ದಾಕ್ಷಾಯಣಮ್ಮ ತುಟಿ ಬಿಚ್ಚಲಿಲ್ಲ. ಎಲ್ಲರೂ ಜೀಪಿನತ್ತ ತಿರುಗಿದಾಗ ಕೃತಿಕಾ ಒಬ್ಬಳೇ ನಿಂತಳು. ದೊಡ್ಡವರೆಲ್ಲ ತಪ್ಪು ಮಾತಾಡಿ ಹೋಗುತ್ತಿದ್ದಾರೆ, ಪಾಪ ಕಲ್ಲಿಗೆ ಬೇಜಾರಾಗುವುದಿಲ್ಲವೇ ಎಂದು ಆ ಮಗುವಿಗೆ ಅನ್ನಿಸಿರಬೇಕು. ಎರಡೂ ಕೈ ಮುಗಿದು, ಅಜ್ಜಿ ಕಲಿಸಿದ ಹಾಗೆಯೇ ಸ್ಪಷ್ಟವಾಗಿ, "ಬರ್ತೀನಿ" ಎಂದಳು.

ಶಂಕರಮ್ಮ ಓಡಿಹೋಗಿ ಮಗುವನ್ನು ಬಾಚಿ ಎತ್ತಿಕೊಂಡು ಜೀಪಿನಲ್ಲಿ ಕೂರಿಸಿದಳು. ಮಗುವಿನ ಕೈ ತಣ್ಣಗಿತ್ತು.

ಜೀಪು ಹೊರಟಿತು. ಕೃತಿಕಾ ಹಿಂದಿನ ಸೀಟಿನಲ್ಲಿ ಹಿಂದಕ್ಕೆ ತಿರುಗಿ ಕೂತಿದ್ದಳು. ರೆಪ್ಪೆ ಹೊಡೆಯುತ್ತಿರಲಿಲ್ಲ. ಸಂಗೀತಾ ಚಾಕೊಲೇಟು ಕೊಟ್ಟಳು. ಅದು ಮಗುವಿನ ಕೈಯಿಂದ ಜಾರಿ ಕೆಳಗೆ ಬಿತ್ತು.

"ಏನ್ ನೋಡ್ತಿದೀಯೇ ಪುಟ್ಟಿ?" ಎಂದರು ದಾಕ್ಷಾಯಣಮ್ಮ.

"ಕಂಬಳಿ ಮಾಮ ಕರೀತಿದಾರೆ ಅಜ್ಜಿ."

"ಯಾವ ಮಾಮ?"

"ಅಲ್ಲಿ ಕೂತಿದಾರಲ್ಲ, ಕಲ್ಲಿನ ಹತ್ರ. ನಾಳೆ ಬಾ, ನೆಳ್ಳು ಐತೆ ಅಂತಿದಾರೆ."

ಬಂದವರ ಮುಂದೆ ಶಂಕರಮ್ಮ ಗಂಡನ ಸುದ್ದಿ ಎತ್ತಿದವಳೇ ಅಲ್ಲ. ಕಂಬಳಿಯ ವಿಷಯ ಈ ಮಗುವಿಗೆ ಹೇಳಿದವರಾರು? ತರೀಕೆರೆಯ ಮಗುವಿಗೆ 'ನೆಳ್ಳು ಐತೆ' ಎಂಬ ಮಾತಾದರೂ ಎಲ್ಲಿಂದ ಬರಬೇಕು? ಇಷ್ಟು ದಿನ ಬೈದರೂ ತನಗೆ ಒಂದು ಉತ್ತರ ಕೊಡದವನು ಹಾಲುಹಲ್ಲಿನ ಮಗುವನ್ನು ಕರೆಯುತ್ತಿದ್ದಾನೆ! ಅಥವಾ ಕರೆಯುವುದು ಅವನಲ್ಲ, ಅವನ ದನಿಯಲ್ಲಿ ಇನ್ನಾವುದೋ.

"ಶಿವಣ್ಣ, ಗಾಡಿ ನಿಲ್ಸು."

"ಯಾಕತ್ತೆ?"

"ನಿಲ್ಸು ಅಂದೆ. ಕುಡುಗೋಲು ಬಿಟ್ ಬಂದೀನಿ."

ಕುಡುಗೋಲೂ ಇರಲಿಲ್ಲ, ಏನೂ ಇರಲಿಲ್ಲ. ಮಬ್ಬುಗತ್ತಲಲ್ಲಿ ಹುಲ್ಲು ಸೀಳಿಕೊಂಡು ಅವಳು ಹಿಂದಕ್ಕೆ ನಡೆದಳು. ಕಲ್ಲಿನ ಬುಡದಲ್ಲಿ ಯಾರೂ ಕೂತಿರಲಿಲ್ಲ. ಆದರೆ ಅಲ್ಲಿಯ ಹುಲ್ಲು ಮಲಗಿತ್ತು, ಈಗ ತಾನೇ ಯಾರೋ ಎದ್ದು ಹೋದಂತೆ. ಮಳೆಯಲ್ಲಿ ನೆನೆದ ಕಂಬಳಿಯ ವಾಸನೆ. ಮಳೆ ಬಂದು ತಿಂಗಳುಗಳೇ ಆಗಿದ್ದವು.

ಅವಳಿಗೆ ಸಾಯಲು ಇಷ್ಟವಿರಲಿಲ್ಲ. ಅನಿತಾ ಬಸುರಿ, ಬಾಣಂತನ ಮಾಡುವವರು ಬೇರೆ ಯಾರಿದ್ದಾರೆ? ಮೊಮ್ಮಗುವಿನ ಮುಖ ನೋಡಬೇಕೆಂದು ಎಷ್ಟು ಆಸೆಪಟ್ಟಿದ್ದಳು! ಆದರೂ ಕಲ್ಲಿನ ಮೇಲೆ ಅಂಗೈ ಇಟ್ಟು ಹೇಳಿದಳು.

"ಮಗು ಅಲ್ಲ. ನಾನ್ ಬತ್ತೀನಿ."

ಬಿಸಿಲಿಗೆ ಕಾದು ಬೆಚ್ಚಗಿದ್ದ ಕಲ್ಲು ಅಂಗೈಯ ಕೆಳಗೆ ತಣ್ಣಗಾಯಿತು. "ಹೂಂ" ಎಂದು ಯಾರೋ ಅಂದರು. ಅದು ದೊಡ್ಡಬೀರಪ್ಪನದೇ ದನಿ, ಉಣ್ಣುತ್ತ ಕೂತಾಗ ಅನ್ನುತ್ತಿದ್ದ ಹಾಗೆ.

ಅವಳು ಜೀಪಿಗೆ ಬಂದಾಗ ಕೃತಿಕಾ ಅಜ್ಜಿಯ ತೊಡೆಯ ಮೇಲೆ ನಿದ್ದೆ ಹೋಗಿದ್ದಳು.

ಮಾರನೆಯ ದಿನ ಮಧ್ಯಾಹ್ನ ಶಿವಕುಮಾರ್ ಊಟಕ್ಕೆ ಬಂದವನು, "ತರೀಕೆರೆಯೋರು ಫೋನ್ ಮಾಡಿದ್ರು ಅತ್ತೆ. ಮಗು ಆಟ ಆಡ್ಕಂಡ್ ಚೆನ್ನಾಗೈತಂತೆ. ಕಲ್ಲಿನ್ ಸುದ್ದಿನೇ ನೆಪ್ಪಿಲ್ವಂತೆ" ಎಂದ. "ಸದ್ಯ" ಎಂದಳು ಶಂಕರಮ್ಮ. ಆಮೇಲೆ, "ಜನಕ್ಕೆ ಆ ಮಾತ್ ಹೇಳೋದ್ ಮರೀಬೇಡಪ್ಪ ನೀನು. ಮಕ್ಳಿದ್ರೆ ಕೈ ಹಿಡ್ಕಂಡಿರು" ಎಂದಳು. ಈ ಕೆಲಸ ತನಗೇಕೆ ಹೇಳುತ್ತಿದ್ದಾಳೆಂದು ಅವನಿಗೆ ತಿಳಿಯಲಿಲ್ಲ.

ಇಳಿಹೊತ್ತಿನಲ್ಲಿ ನೀರಿಗೆ ಹೋದಳು. ಬಿಂದಿಗೆ ಹೊತ್ತು ಮನೆಗೆ ಬರುತ್ತಿದ್ದೇನೆ ಎಂದುಕೊಂಡಿದ್ದಳು. ನೋಡಿದರೆ ಮನೆ ಎಂದೋ ದಾಟಿತ್ತು, ಕಾಲು ಕಾವಲಿನ ಬೇಲಿಯ ಹತ್ತಿರ ನಿಂತಿತ್ತು. ಪ್ರಯಾಸಪಟ್ಟು ತಿರುಗಿ ಬಂದು ಬಿಂದಿಗೆ ಇಳಿಸಿದಳು. ಒಗೆದ ಸೀರೆ ಉಟ್ಟಳು. ಗಂಡನಂತೆ ಅರ್ಧಕ್ಕೆ ಎದ್ದು ಹೋಗಬಾರದೆಂದು ತಟ್ಟೆಯ ಮುದ್ದೆಯನ್ನು ಪೂರಾ ಉಂಡು, ತಟ್ಟೆ ತೊಳೆದು ಬೋರಲು ಹಾಕಿದಳು.

ಅನಿತಾ ಒಲೆಯ ಮುಂದೆ ಹುರುಳಿ ಹುರಿಯುತ್ತಿದ್ದಳು. ಶಂಕರಮ್ಮ ಅವಳ ತಲೆ ಸವರಿದಳು, ಹೊಟ್ಟೆಯ ಮೇಲೂ ಒಂದು ಗಳಿಗೆ ಕೈಯಿಟ್ಟಳು.

"ಹೋಗ್ತೀನಿ ಕಣವ್ವ."

"ಹೂಂ" ಎಂದಳು ಅನಿತಾ. ಆಮೇಲೆ ಸೌಟು ನಿಂತಿತು. ಎದ್ದು ಹೊಸ್ತಿಲಿಗೆ ಓಡಿಬಂದಳು. ತಾಯಿ ಅಂಗಳ ದಾಟಿಯಾಗಿತ್ತು. ಪಡುವಣ ಕೆಂಪಾಗಿತ್ತು.

"ಅವ್ವಾ! ಅದೇನ್ ಮಾತಾಡ್ತೀಯೇ? ಬತ್ತೀನಿ ಅನ್ನು! ಅವ್ವಾ, ಒಂದ್ಸಲ ಬತ್ತೀನಿ ಅನ್ನೇ!"

ಶಂಕರಮ್ಮ ತಿರುಗಿ ನಿಂತಳು. ಬಾಯಿ ತೆರೆದಳು. ಆ ಮಾತಿಗೆ ನಾಲಗೆ ಏಳಲಿಲ್ಲ. ಕಣ್ಣಲ್ಲಿ ನೀರು ತುಂಬಿತು, ಕಾಲು ಮಾತ್ರ ಆಗಲೇ ಹಿಂದಕ್ಕೆ ಹಿಂದಕ್ಕೆ ನಡೆಯುತ್ತಿತ್ತು.

"ಆ ಮಾತ್ನ ನೆನ್ನೆ ಬೇರೆ ಕಡೆ ಕೊಟ್ ಬಂದ್ಬಿಟ್ಟೆ ಕಣವ್ವ" ಎಂದಳು.