ಕೇಳುವಿಕೆ ಸೊನ್ನೆ

ನಮ್ಮ ಮನೆಯವರ ಕಿವಿಯನ್ನು ನಾನೇ ರಬ್ಬರಿನಿಂದ ಅಳಿಸಿಹಾಕಿದೆ ಎಂದು ಸುಮಾರು ಒಂದು ವಾರ ನಂಬಿಕೊಂಡಿದ್ದೆ. ಹೈಸ್ಕೂಲಿನಲ್ಲಿ ಗಣಿತ ಹೇಳಿಕೊಡುವವಳು ಇಂಥದ್ದನ್ನು ನಂಬುತ್ತಾಳೆಯೇ ಎಂದು ಯಾರಾದರೂ ಕೇಳಬಹುದು. ಬೆಳಿಗ್ಗೆ ಕ್ವಾರಿಗೆ ಹೋದ ಮನುಷ್ಯ ಸಂಜೆ ಜೀವಸಹಿತ ಮನೆಗೆ ಬರುತ್ತಾರೋ ಇಲ್ಲವೋ ಎಂಬುದು ಒಂದು ಹಾಳೆಯ ಮೇಲಿನ ಅಂಕಿಯಲ್ಲಿದೆ ಎಂದು ನನಗೆ ಆ ವಾರ ನಿಜವಾಗಿಯೂ ಅನ್ನಿಸಿತ್ತು.

ಆಟ ಕಲಿಸಿದವಳು ನನ್ನ ಸಹೋದ್ಯೋಗಿ. ಪಾಂಡವಪುರದ ನಮ್ಮ ಶಾಲೆಯಲ್ಲಿ ವಿಜ್ಞಾನ ಪಾಠ ಮಾಡುತ್ತಾಳೆ, ಗಂಜಾಂನಲ್ಲಿ ಮನೆ, ನನಗಿಂತ ಹತ್ತು ವರ್ಷ ಚಿಕ್ಕವಳು, ನನ್ನನ್ನು ಅಕ್ಕಾ ಎನ್ನುತ್ತಾಳೆ. ಬಿ.ಎಡ್. ಓದುವಾಗ ಹಾಸ್ಟೆಲಿನಲ್ಲಿ ಕಲಿತ ಆಟವಂತೆ. ಬೋರ್ಡಿಲ್ಲ, ಕಾಯಿಗಳಿಲ್ಲ. ಒಬ್ಬರು ಕತೆ ನಡೆಸುತ್ತಾರೆ, ಉಳಿದವರು ಆ ಕತೆಯೊಳಗಿನ ಮನುಷ್ಯರಾಗುತ್ತಾರೆ. ಪ್ರತಿಯೊಬ್ಬರಿಗೂ ಒಂದು ಹಾಳೆ. ಹಾಳೆಯಲ್ಲಿ ಆ ಮನುಷ್ಯನಿಗೆ ಬರುವ ವಿದ್ಯೆಗಳ ಪಟ್ಟಿ: ಕತ್ತಿ ಬೀಸುವುದು, ಈಜು, ಗೋಡೆ ಹತ್ತುವುದು, ಬೀಗ ತೆಗೆಯುವುದು, ಕೇಳುವಿಕೆ, ಹೀಗೆ. ಕತೆಯ ಒಂದು ಅಧ್ಯಾಯ ಮುಗಿದಾಗ ನಾಲ್ಕು ಪಾಯಿಂಟು ಸಿಗುತ್ತದೆ, ಅದನ್ನು ಬೇಕಾದ ವಿದ್ಯೆಗೆ ಸೇರಿಸಿಕೊಳ್ಳಬಹುದು. ಏನಾದರೂ ಮಾಡಬೇಕೆಂದರೆ ಇಪ್ಪತ್ತು ಮುಖದ ದಾಳ ಉರುಳಿಸಿ, ಬಿದ್ದ ಅಂಕಿಗೆ ನಮ್ಮ ಪಾಯಿಂಟು ಕೂಡಿಸಿ, ಕತೆ ನಡೆಸುವವರು ಮನಸ್ಸಿನಲ್ಲಿಟ್ಟುಕೊಂಡ ಅಂಕಿಯನ್ನು ದಾಟಬೇಕು. ಅಷ್ಟೇ ಆಟ.

ಇದು ನನಗೆ ಹೇಳಿ ಮಾಡಿಸಿದಂತಿತ್ತು. ರಾಜಕುಮಾರಿ, ರಾಕ್ಷಸ, ಪಾಳುಗೋಟೆ ಇವೆಲ್ಲ ನನಗೆ ಅಷ್ಟಕ್ಕಷ್ಟೆ. ನನಗೆ ಬೇಕಾದದ್ದು ಲೆಕ್ಕ. ಒಂದು ಪಾಯಿಂಟು ಎಂದರೆ ಇಪ್ಪತ್ತು ಸಲದಲ್ಲಿ ಒಂದು ಸಲದ ಗೆಲುವು. ಹತ್ತನೆಯ ಅಧ್ಯಾಯ ಮುಗಿಯುವ ಹೊತ್ತಿಗೆ ಯಾವ ವಿದ್ಯೆ ಎಷ್ಟಿರಬೇಕು ಎಂದು ಆರಂಭದಲ್ಲೇ ಗ್ರಾಫ್ ಪುಸ್ತಕದಲ್ಲಿ ಬರೆದಿಟ್ಟಿದ್ದೆ. ನನ್ನದಷ್ಟೇ ಅಲ್ಲ, ಎಲ್ಲರದ್ದೂ. ಯಾರೂ ಕೇಳಿರಲಿಲ್ಲ. ಕೇಳದಿದ್ದರೂ ಮಾಡಿಕೊಡುವುದು ನನ್ನ ಗುಣ, ಅದಕ್ಕೆ ಬೈಸಿಕೊಂಡದ್ದೂ ಉಂಟು.

ಆಡುವವರು ಮೂರು ಜನ: ನಾನು, ಆ ಸಹೋದ್ಯೋಗಿಯ ತಮ್ಮ, ನಮ್ಮ ಮನೆಯವರು. ಚಿನಕುರಳಿ ಕಡೆ ಒಂದು ಕಲ್ಲು ಕ್ವಾರಿಯಲ್ಲಿ ಇವರು ಜಲ್ಲಿ ಕ್ರಷರ್ ಆಪರೇಟರ್ ಆಗಿದ್ದರು. ಭಾನುವಾರ ಮಧ್ಯಾಹ್ನ ನನ್ನನ್ನು ಬೈಕಿನಲ್ಲಿ ಗಂಜಾಂಗೆ ಬಿಟ್ಟು ಹೋಗಲು ಬಂದವರು ಮೂಲೆಯಲ್ಲಿ ಕೂತು ನೋಡಿದರು. ಎರಡನೆಯ ವಾರ, "ನಂಗೂ ಒಂದು ಹಾಳೆ ಕೊಡು ತಾಯಿ" ಎಂದರು. ಹತ್ತು ವರ್ಷದಿಂದ ಕ್ರಷರ್ ಧೂಳು ತಿಂದ ಮನುಷ್ಯ ಕತೆಯೊಳಗೆ ಏನಾಗುತ್ತಾರೆ ಎಂದು ನನಗೆ ನಗು. ಕಾವಲುಗಾರನಾದರು.

ಅವರು ಪಾಯಿಂಟು ಎಣಿಸುವ ರೀತಿ ನೋಡಿ ನನಗೆ ಇನ್ನೂ ನಗು. "ಲಾಭ, ಎಲ್ಡು, ಮೂರು, ನಾಕು." ಅವರ ಮನೆಯಲ್ಲಿ ಬಳ್ಳದಿಂದ ರಾಗಿ ಅಳೆಯುವಾಗ ಹಾಗೆಯೇ. ಮೊದಲ ಬಳ್ಳಕ್ಕೆ ಒಂದು ಎನ್ನುವುದಿಲ್ಲ, ಲಾಭ ಎನ್ನುತ್ತಾರೆ. ನಾಗಮಂಗಲ ತಾಲ್ಲೂಕಿನ ದೇವಲಾಪುರದ ಹತ್ತಿರದ ನಮ್ಮ ತವರಿನಲ್ಲೂ ಹಾಗೇ ಎಣಿಸುತ್ತಾರೆ. ಆದರೆ ಅವರ ಮನೆಯಲ್ಲಿ ಇನ್ನೊಂದು ಪದ್ಧತಿ ಇದೆ. ಆ ಲಾಭದ ಬಳ್ಳ ಚೀಲಕ್ಕೆ ಹೋಗುವುದಿಲ್ಲ, ಬೇರೆ ಬಿದಿರಿನ ಪುಟ್ಟಿಗೆ ಹೋಗುತ್ತದೆ. ಆ ವರ್ಷ ಮನೆಯಲ್ಲಿ ಯಾರ ಮೈಗೆ ಹುಷಾರಿಲ್ಲವೋ, ಯಾರು ಬಾಣಂತಿಯೋ, ಅದು ಅವರ ಪಾಲು. ಮದುವೆಯಾದ ಮೊದಲ ವರ್ಷ ನನಗೆ ಟೈಫಾಯ್ಡ್ ಆಗಿತ್ತು, ಆ ಪುಟ್ಟಿಯ ರಾಗಿಯ ಗಂಜಿಯನ್ನು ನಾನೇ ಕುಡಿದಿದ್ದೇನೆ.

ಪ್ರತಿ ಅಧ್ಯಾಯದಲ್ಲೂ ಅವರು ಲಾಭದ ಪಾಯಿಂಟನ್ನು ಕೇಳುವಿಕೆಗೆ ಹಾಕುತ್ತಿದ್ದರು. ಮೊದಲು ಅದು, ಆಮೇಲೆ ಕತ್ತಿ, ಗುರಾಣಿ. ಆರು ಅಧ್ಯಾಯಕ್ಕೆ ಕೇಳುವಿಕೆ ಆರಾಯಿತು. ನನಗೆ ಹೊಟ್ಟೆ ಉರಿಯುತ್ತಿತ್ತು. ಗೆಳತಿಯ ತಮ್ಮ ಕತೆಯಲ್ಲಿ ಕಳ್ಳ, ಅವನ ಕೇಳುವಿಕೆ ಆಗಲೇ ಒಂಬತ್ತು. ಒಂದು ಗುಂಪಿಗೆ ಒಂದು ಕಿವಿ ಸಾಕು. ಕಾವಲುಗಾರನಿಗೆ ಆರು ಪಾಯಿಂಟಿನ ಕಿವಿ ಶುದ್ಧ ದಂಡ.

ಆದರೆ ಅವರು ಕೇಳುತ್ತಿದ್ದ ರೀತಿ ಮಾತ್ರ ಬೇರೆ. ಕತೆಯಲ್ಲಿ ನಾವು ಒಂದು ಮುಚ್ಚಿದ ಕಲ್ಲುಬಾಗಿಲ ಮುಂದೆ ನಿಂತಿದ್ದೇವೆ ಎಂದುಕೊಳ್ಳಿ. ಅವರು ದಾಳ ಉರುಳಿಸಿ, ಕಣ್ಣು ಮುಚ್ಚಿ, ತಲೆಯನ್ನು ಸ್ವಲ್ಪ ಎಡಕ್ಕೆ ಓರೆ ಮಾಡುತ್ತಿದ್ದರು. ಮೊದಲ ಸಲ ಹೀಗೆ ಕೂತವರು, ನನ್ನ ಗೆಳತಿ ಬಾಯಿ ತೆರೆಯುವ ಮೊದಲೇ, "ಒಳೀಕೆ ಯಾರೋ ಮೊರದಲ್ಲಿ ಅಕ್ಕಿ ಕೇರ್ತಾವ್ರೆ" ಎಂದರು. ಮಟಮಟ ಮಧ್ಯಾಹ್ನ, ಕೆಳಗೆ ರಸ್ತೆಯಲ್ಲಿ ಆಟೋ ಓಡಾಡುತ್ತಿದೆ. ಆದರೂ ನಾನು ಒಮ್ಮೆ ಹಿಂದಕ್ಕೆ ತಿರುಗಿ ನೋಡಿದೆ. ಪಾಳು ಕೋಟೆಯ ನೆಲಮಾಳಿಗೆಯಲ್ಲಿ ಅಕ್ಕಿ ಕೇರುವವರು ಯಾರು?

ಅವಳು ಒಂದು ಕ್ಷಣ ತಡೆದು, "ಹೌದಣ್ಣ" ಎಂದಳು. ಮುಂದಿನ ಅಧ್ಯಾಯದಲ್ಲಿ ಗುಬ್ಬಿಗಳು. ಅದರ ಮುಂದೆ ನಲ್ಲಿಯಿಂದ ತೊಟ್ಟಿಕ್ಕುವ ನೀರು. ಆಮೇಲೆ ಗಾಜಿನ ಬಳೆ. ಬಾಗಿಲು ತೆರೆದರೆ ಪ್ರತಿ ಸಲ ಕೋಣೆ ಖಾಲಿ, ಮೊದಲ ಸಲ ಮಾತ್ರ ನೆಲದ ಮೇಲೆ ಒಂದು ಮೊರ ಇನ್ನೂ ಅಲುಗಾಡುತ್ತಿದೆ ಎಂದಿದ್ದಳು. ದಾಳವೂ ಅವರ ಕೈಯಲ್ಲಿ ಒಂದು ಥರ ಆಡುತ್ತಿತ್ತು. ಕೇಳುವಿಕೆಗೆಂದು ಉರುಳಿಸಿದ ಆರೂ ಸಲ ಹದಿನೈದಕ್ಕಿಂತ ಮೇಲೆಯೇ ಬಿತ್ತು. ನಾನು ಮನೆಗೆ ಹೋಗಿ ಲೆಕ್ಕ ಹಾಕಿದೆ. ನಾಲ್ಕು ಸಾವಿರದ ತೊಂಬತ್ತಾರರಲ್ಲಿ ಒಂದು ಸಾಧ್ಯತೆ. ಸಾಧ್ಯತೆ ಇದೆಯಲ್ಲ ಎಂದು ಸಮಾಧಾನ ಮಾಡಿಕೊಂಡೆ. ಸಮಾಧಾನವೇನೂ ಆಗಲಿಲ್ಲ.

ಆರನೆಯ ಅಧ್ಯಾಯ ಮುಗಿದಾಗ ಗೆಳತಿ, ಬೇಕಾದವರು ಹಾಳೆಯನ್ನು ಒಂದು ಸಲ ಪೂರ್ತಿ ಬದಲಾಯಿಸಿಕೊಳ್ಳಬಹುದು ಎಂದಳು. ಹಾಕಿದ ಪಾಯಿಂಟು ತೆಗೆದು ಬೇರೆ ಕಡೆ ಹಾಕಬಹುದು. ನಾನು ಕಾದಿದ್ದೇ ಅದಕ್ಕೆ. ಅವರ ಹಾಳೆ ಎಳೆದುಕೊಂಡೆ.

"ಕೇಳುವಿಕೆ ತೆಗೀತೀನ್ರಿ. ಆರನ್ನೂ ಕತ್ತಿಗೆ ಹಾಕ್ತೀನಿ."

"ಅದೊಂದು ಇರ್ಲಿ ಬುಡೆ" ಎಂದರು.

"ಯಾಕಿರಬೇಕು? ಒಂದು ಕಾರಣ ಹೇಳಿ, ಬಿಡ್ತೀನಿ."

ಅವರು ನನ್ನ ತುಟಿಯನ್ನೇ ನೋಡುತ್ತಿದ್ದರು. ನನಗೆ ಕೋಪ ಬಂತು, ಉತ್ತರ ಹೇಳದೆ ಮುಖ ನೋಡುವವರನ್ನು ಕಂಡರೆ ತರಗತಿಯಲ್ಲೂ ನನಗೆ ಆಗುವುದಿಲ್ಲ. ಉಜ್ಜಿ ಅಳಿಸಿ, ಅಲ್ಲಿ ದುಂಡಗೆ ಸೊನ್ನೆ ಬರೆದೆ. ಹೊಸ ಅಧ್ಯಾಯದಲ್ಲಿ ಮತ್ತೆ ಒಂದು ಬಾಗಿಲು ಬಂತು. "ಅಣ್ಣಾ, ಏನು ಕೇಳಿಸ್ತಿದೆ?" ಎಂದಳು ಗೆಳತಿ. ಅವರು ಕಣ್ಣು ಮುಚ್ಚಲಿಲ್ಲ, ತಲೆ ಓರೆ ಮಾಡಲಿಲ್ಲ. ದಾಳ ಮೂರು ಬಿತ್ತು. "ಏನಿಲ್ಲ. ಎಲ್ಲಾ ನಿಂತೋಗದೆ" ಎಂದರು. ಒಂಬತ್ತು ಪಾಯಿಂಟಿನ ಕಳ್ಳನಿಗೂ ಆ ದಿನ ಏನೂ ಕೇಳಿಸಲಿಲ್ಲ.

ಮಂಗಳವಾರ ಕ್ವಾರಿಯಲ್ಲಿ ಬಂಡೆ ಸಿಡಿಸುವ ಮೊದಲು ಮೂರು ಸಲ ವಿಷಲ್ ಊದಿದ್ದಾರೆ. ಎಲ್ಲರೂ ಓಡಿ ದೂರ ನಿಂತಿದ್ದಾರೆ. ಇವರು ಕ್ರಷರ್ ನಿಲ್ಲಿಸಿ, ಬಂಡೆಯ ಕಡೆಗೇ ನಡೆದುಕೊಂಡು ಹೋಗಿ ನೀರಿನ ಕ್ಯಾನು ಎತ್ತಿಕೊಳ್ಳುತ್ತಿದ್ದರಂತೆ. ಟಿಪ್ಪರ್ ಡ್ರೈವರೊಬ್ಬ ಓಡಿ ಬಂದು ಕಾಲರ್ ಹಿಡಿದು ಎಳೆದುಕೊಂಡು ಹೋಗಿದ್ದಾನೆ. ಸಂಜೆ ಅವನೇ ಮನೆಗೆ ಬಂದು, "ಅಕ್ಕೋ, ಮೂರ್ ಸಲ ಊದ್ರೂ ತಿರುಗ್ನಿಲ್ಲ ಕಣಕ್ಕ. ಒಸಿ ತಡ ಆಗಿದ್ರೆ ಇವತ್ತು ನಾವು ಮನೆ ಮುಂದೆ ಶಾಮಿಯಾನ ಹಾಕ್ಬೇಕಿತ್ತು" ಎಂದ. ನಮ್ಮವರು ಮೈಯೆಲ್ಲ ಬೂದು ಧೂಳು ಮೆತ್ತಿಕೊಂಡು ಹಿಂದೆ ನಿಂತು ನಗುತ್ತಿದ್ದರು. "ಗ್ಯಾನ ಇರ್ಲಿಲ್ಲ ಬುಡು" ಎಂದರು.

ಮರುದಿನ ನಾನು ಶಾಲೆಗೆ ರಜೆ ಹಾಕಿ, ಅವರನ್ನೂ ಮನೆಯಲ್ಲೇ ಇರಿಸಿಕೊಂಡು ಪರೀಕ್ಷೆ ಮಾಡಿದೆ. ಅವರು ಜಗುಲಿಯ ಮೇಲೆ ನನಗೆ ಬೆನ್ನು ಹಾಕಿ ಕೂತು ಬೈಕಿನ ಪ್ಲಗ್ ಉಜ್ಜುತ್ತಿದ್ದರು. ಎಂದಿನ ದನಿಯಲ್ಲಿ "ಕಾಫಿ ಬೇಕಾ?" ಎಂದೆ. "ಕೊಡು" ಎಂದರು. ನನ್ನ ಎಂದಿನ ದನಿ ಎಂದರೆ ಬೀದಿ ಕೊನೆಯ ಹಾಲಿನ ಡೈರಿಗೆ ಕೇಳಿಸುವಂಥದ್ದು. ಕೆ.ಆರ್. ಪೇಟೆಯ ಶಾಲೆಯಲ್ಲಿದ್ದಾಗ ಪಕ್ಕದ ತರಗತಿಯವರು ನನ್ನ ಮೇಲೆ ಹೆಡ್ಮಾಸ್ಟರಿಗೆ ದೂರು ಕೊಟ್ಟಿದ್ದರು. ಸ್ವಲ್ಪ ಇಳಿಸಿ ಕೇಳಿದೆ. ಇನ್ನೂ ಇಳಿಸಿದೆ. ಬೇರೆ ಗಂಡ ಹೆಂಡಿರು ಮಾತಾಡುವಷ್ಟು ದನಿಗೆ ಇಳಿಸಿದಾಗ ಅವರು ತಿರುಗಲಿಲ್ಲ. ಚಮಚ ಬೀಳಿಸಿದೆ. ಕುಕ್ಕರ್ ಮೂರು ವಿಷಲ್ ಕೂಗಿತು. ಬೆನ್ನು ಅಲುಗಲಿಲ್ಲ. ನನ್ನದೇ ಮನೆಯಲ್ಲಿ ನಾನು ಇಲ್ಲದವಳ ಹಾಗೆ ಆಗಿಬಿಟ್ಟೆ. ಅಷ್ಟು ಭಯ ನನಗೆ ಯಾವತ್ತೂ ಆಗಿಲ್ಲ.

ಓಡಿಹೋಗಿ ಬ್ಯಾಗಿನಿಂದ ಅವರ ಹಾಳೆ ತೆಗೆದೆ. ಸೊನ್ನೆ ಅಳಿಸಿ ಆರು ಬರೆದೆ. ಎರಡನೆಯ ಸಲದ ಉಜ್ಜುವಿಕೆಗೆ ಕಾಗದ ಸವೆದು, ಆ ಜಾಗದಲ್ಲಿ ಸಣ್ಣ ತೂತು ಬಿತ್ತು. ಆರು ತೂತಿನೊಳಗೆ ಅರ್ಧ ಹೋಗಿತ್ತು. ಹೊಸ ಹಾಳೆಗೆ ಎಲ್ಲ ನಕಲು ಮಾಡಿ, ಕೇಳುವಿಕೆಗೆ ಹತ್ತು ಬರೆದೆ. ಅದು ಮೋಸ, ನಿಯಮದಲ್ಲಿಲ್ಲ. ಬಾಗಿಲ ಹಿಂದೆ ನಿಂತು ಮೆಲ್ಲಗೆ "ರೀ" ಎಂದೆ. ಅವರು ಪ್ಲಗ್ ಊದುತ್ತಿದ್ದರು. ಗುರುವಾರ ಮತ್ತೆ ಕ್ವಾರಿಗೆ ಹೊರಟರು. ನಾನು ಬೇಡವೆಂದು ಅತ್ತರೂ ಹೋದರು. ಮೂರು ದಿನ ತರಗತಿಯಲ್ಲಿ ನಾನು ಬೋರ್ಡಿನ ಮೇಲೆ ಏನು ಬರೆದೆನೋ ದೇವರಿಗೇ ಗೊತ್ತು.

ಭಾನುವಾರ ಗಂಜಾಂಗೆ ಹೋದವಳು ಎಲ್ಲವನ್ನೂ ಒದರಿಬಿಟ್ಟೆ, ರಬ್ಬರಿನ ಕತೆಯನ್ನೂ. ಗೆಳತಿ ನಗಲಿಲ್ಲ. ತನ್ನ ನೋಟ್ ಪುಸ್ತಕ ತಂದು ನನ್ನ ಮುಂದಿಟ್ಟಳು.

"ಅರೆ ಅಕ್ಕಾ, ನಾನೂ ಹೇಳಬೇಕು ಅಂತಿದ್ದೆ. ಅಕ್ಕಿ, ಗುಬ್ಬಿ, ಬಳೆ, ಯಾವುದನ್ನೂ ನಾನು ಬರೆದಿರಲಿಲ್ಲ. ನೋಡಿ, ಎಲ್ಲಾ ಕೋಣೆ ಖಾಲಿ ಅಂತಾನೇ ಇದೆ. ಅಣ್ಣ ಹೇಳಿದಾಗ ಇಲ್ಲ ಅನ್ನೋಕೆ ನಂಗೆ ಬಾಯಿ ಬರ್ಲಿಲ್ಲ."

ಪುಟ ತಿರುವಿದೆ, ಅವಳು ಹೇಳಿದ್ದು ನಿಜ. ಅಕ್ಕಿ ಕೇರುವುದು, ಗುಬ್ಬಿ, ನಲ್ಲಿ, ಬಳೆ. ಎಲ್ಲವೂ ನಮ್ಮ ಮನೆಯ ಸದ್ದುಗಳು. ತಲೆ ಎತ್ತಿ ಅವರನ್ನು ನೋಡಿದೆ. ಅವರು ನನ್ನ ತುಟಿ ನೋಡುತ್ತಿದ್ದರು.

"ಎಷ್ಟು ದಿನದಿಂದ?" ಎಂದು ಕೂಗಿದೆ.

"ಎಲ್ಡು ವರ್ಸ ಆಯ್ತು ಕಣೆ. ಮೊದ್ಲು ಗುಬ್ಬಿ ಓಯ್ತು. ಅಮ್ಯಾಕೆ ಒಂದೊಂದೇ. ಗೊತ್ತಾದ್ರೆ ಕೆಲ್ಸದಿಂದ ತೆಗೀತಾರೆ ಅಂತ ಯಾರಿಗೂ ಏಳ್ನಿಲ್ಲ. ನಿನ್ ಮಾತು ಮಾತ್ರ ಕೇಳ್ತಾ ಇತ್ತು, ಮಿಕ್ಕೋರ್ದು ತುಟಿ ನೋಡಿ ತಿಳ್ಕತಿದ್ದೆ, ಅದ್ಕೆ ನಿಂಗೂ ತಿಳೀನಿಲ್ಲ." ಸ್ವಲ್ಪ ತಡೆದು, "ಇಲ್ಲಿ ಕೂತು ಕಣ್ ಮುಚ್ಚುದ್ರೆ ಎಲ್ಲಾ ಕೇಳ್ಸದು. ಅದ್ಕೇ ಲಾಭ ಅಲ್ಲಿಗೆ ಆಕ್ತಿದ್ದೆ" ಎಂದರು.

ಆ ಪುಟ್ಟಿಯ ಗಂಜಿ ಕುಡಿದವಳಿಗೆ, ಲಾಭ ಯಾರ ಪಾಲಿಗೆ ಹೋಗುತ್ತದೆ ಎಂದು ಗೊತ್ತಿರಬೇಕಿತ್ತು. ಕಡಿಮೆ ಇದ್ದವರ ಪಾಲನ್ನು ನಾನು ದಂಡ ಎಂದು ಅಳಿಸಿದ್ದೆ. ಅವರ ಕಿವಿ ಹೋದದ್ದು ನನ್ನಿಂದಲ್ಲ ಎಂದು ತಿಳಿದು ನನಗೆ ಹಗುರವಾಗಲಿಲ್ಲ, ನಾಚಿಕೆಯಾಯಿತು.

ಕೊನೆಗೆ ಒಂದು ಒಪ್ಪಂದವಾಯಿತು. ಶನಿವಾರ ಮಂಡ್ಯದಲ್ಲಿ ಕಿವಿಯ ಟೆಸ್ಟು. ಅಲ್ಲಿಯವರೆಗೆ ರಜೆ. ಕೇಳಿಸಿದರೆ ಕೆಲಸಕ್ಕೆ ಹೋಗುವುದು, ಕೇಳಿಸದಿದ್ದರೆ ಕ್ವಾರಿ ಬಿಡುವುದು. "ಆಟದಲ್ಲಿ ಕೇಳ್ತದೆ ಅಂದ್ಮೇಲೆ ಕಿವಿ ಪೂರ್ತಿ ಸತ್ತಿಲ್ಲ" ಎಂಬುದು ಅವರ ವಾದ.

ಟೆಸ್ಟಿನ ಕೋಣೆ ಒಂದು ಗಾಜಿನ ಗೂಡು. ಅವರು ಒಳಗೆ ಹೆಡ್‌ಫೋನ್ ಹಾಕಿಕೊಂಡು ಕೂತರು. ಸದ್ದು ಕೇಳಿದಾಗ ಕೈಯಲ್ಲಿರುವ ಗುಂಡಿ ಒತ್ತಬೇಕು, ಒತ್ತಿದರೆ ಹೊರಗೆ ಕೆಂಪು ದೀಪ ಹತ್ತುತ್ತದೆ. ಟೆಸ್ಟ್ ಮಾಡುವ ಹುಡುಗಿ ಒಂದೊಂದೇ ಸದ್ದು ಕೊಟ್ಟು ಗ್ರಾಫ್ ಹಾಳೆಯ ಮೇಲೆ ಗುರುತು ಹಾಕುತ್ತಿದ್ದಳು. ಸದ್ದು ಬಹಳ ಜೋರಾಗುವವರೆಗೆ ದೀಪ ಹತ್ತುತ್ತಿರಲಿಲ್ಲ. ಗುರುತುಗಳು ಕೆಳಗಿಳಿಯುತ್ತಾ ಹೋದವು. ಗ್ರಾಫ್ ಓದಲು ನನಗೆ ಯಾರೂ ಹೇಳಿಕೊಡಬೇಕಾಗಿಲ್ಲ.

ಅವಳು ಪೆನ್ನು ಕೆಳಗಿಟ್ಟಳು. ಆಗ ದೀಪ ಹತ್ತಿತು.

"ನಾನೀಗ ಏನೂ ಕೊಟ್ಟಿಲ್ಲ ಮೇಡಂ" ಎಂದಳು. ದೀಪ ಮತ್ತೆ ಹತ್ತಿತು. ಗಾಜಿನಾಚೆ ಅವರು ಕಣ್ಣು ಮುಚ್ಚಿದ್ದರು, ತಲೆ ಎಡಕ್ಕೆ ಓರೆಯಾಗಿತ್ತು. ಮತ್ತೆ, ಮತ್ತೆ, ನಿಧಾನವಾಗಿ, ಯಾರದೋ ಮಾತಿಗೆ ಹೂಂಗುಡುವ ಹಾಗೆ ಒತ್ತುತ್ತಿದ್ದರು. ಕಿವಿ ಕೆಟ್ಟವರಿಗೆ ಹೀಗಾಗುತ್ತದೆ, ಒಳಗೇ ಸದ್ದು ಹುಟ್ಟುತ್ತದೆ ಎಂದು ಆ ಹುಡುಗಿ ಹೇಳಿದಳು. ಹೇಳುವಾಗ ಅವಳೂ ದೀಪವನ್ನೇ ನೋಡುತ್ತಿದ್ದಳು.

ಹೊರಗೆ ಬಂದಾಗ ಅವರ ಮುಖದ ತುಂಬ ನಗು. "ಎಲ್ಲಾ ಕೇಳುಸ್ತು ಕಣೆ! ಸೋಮ್ವಾರದಿಂದ ಕೆಲ್ಸಕ್ಕೆ ಓಗ್ತೀನಿ. ಕೊನೇಗೆ ನೀನು ಕರೆದಿದ್ದೂ ಕೇಳುಸ್ತು."

ನಾನು ಬಾಯಿ ತೆರೆದಿರಲಿಲ್ಲ. ಈಗ ಹೇಳಬೇಕಾದದ್ದು ಮೆಲ್ಲಗೆ ಹೇಳಬಹುದಾದ ಮಾತಾಗಿರಲಿಲ್ಲ, ಮೆಲ್ಲಗೆ ಹೇಳಿದರೆ ಅವರಿಗೆ ತಲುಪುತ್ತಲೂ ಇರಲಿಲ್ಲ. ಬೆಂಚಿನ ಮೇಲೆ ಕೂತ ಅಷ್ಟೂ ಜನರ ಮುಂದೆ ಕೂಗಿದೆ. "ಇಲ್ಲ ರೀ! ಏನೂ ಕೇಳಿಸಿಲ್ಲ! ನಾನು ಕರೀಲಿಲ್ಲ! ಇನ್ನು ಕ್ವಾರಿಗೆ ಹೋಗಬೇಡಿ!"

ಎಲ್ಲರೂ ತಿರುಗಿ ನೋಡಿದರು. ಅವರು ಗ್ರಾಫ್ ಹಾಳೆ ಇಸಿದುಕೊಂಡು ಬಹಳ ಹೊತ್ತು ನೋಡಿ, ಮಡಿಸಿ ಜೇಬಿಗಿಟ್ಟುಕೊಂಡರು. "ಸರಿ, ಕ್ವಾರಿ ಬುಟ್ಟೆ ಬುಡು" ಎಂದರು. ಮೆಟ್ಟಿಲು ಇಳಿಯುವಾಗ ಮತ್ತೆ, "ಆದ್ರೆ ನೀನು ಕರೆದೆ ಕಣೆ. ಎಸ್ರು ಇಡ್ದು ಕರೆದೆ. ಬಾಳ ಮೆತ್ತಗೆ" ಎಂದರು.

ಮದುವೆಯಾಗಿ ಹದಿನಾಲ್ಕು ವರ್ಷ. ನಮ್ಮ ಕಡೆಯ ಹೆಂಗಸರ ಹಾಗೆ ನಾನೂ ಗಂಡನ ಹೆಸರು ಹಿಡಿದು ಒಮ್ಮೆಯೂ ಕರೆದವಳಲ್ಲ, ಜೋರಾಗಿಯೂ ಇಲ್ಲ, ಮೆತ್ತಗೂ ಇಲ್ಲ. ಆ ಗೂಡಿನೊಳಗೆ ನನ್ನ ದನಿಯಲ್ಲಿ ಅವರನ್ನು ಕರೆದದ್ದು ಏನೆಂದು ಭಯವಾಯಿತು. ಅದಕ್ಕಿಂತ ಹೆಚ್ಚಾಗಿ ಅದರ ಮೇಲೆ ಹೊಟ್ಟೆಕಿಚ್ಚಾಯಿತು. "ಹೂಂ, ನಾನೇ ಕರೆದೆ" ಎಂದು ಮೆಲ್ಲಗೆ ಅಂದೆ. ಅವರು ಜೇಬಿನಲ್ಲಿ ಬೈಕಿನ ಕೀ ಹುಡುಕುತ್ತಿದ್ದರು, ಕೇಳಿಸಲಿಲ್ಲ.