ನಾಲ್ಕನೇ ಮಹಡಿಯ ಅಕ್ಕ ತೆಗೆದ ಸಿನಿಮಾ

ಮೊನ್ನೆ ಈ ಕೊಲ್ಲಿ ದೇಶದ ರಿಗ್ಗೈ ಬಡಾವಣೆಯ ನಮ್ಮ ಕಟ್ಟಡದ ಲಿಫ್ಟಿನಲ್ಲಿ ಬಖೂರಿನ ವಾಸನೆ ಗಟ್ಟಿಯಾಗಿ ನಿಂತಿತ್ತು. ಇಲ್ಲಿನವರು ಮದುವೆಗಳಲ್ಲಿ ಹಾಕುವ ಧೂಪ ಅದು. ತಟ್ಟನೆ ನಾಲ್ಕನೇ ಮಹಡಿಯ ಅಕ್ಕನ ನೆನಪಾಯಿತು... ಅವರ ಚೂಡಿದಾರ್, ಕ್ಯಾಮೆರಾ ಚೀಲ, ಕೂದಲು ಎಲ್ಲದರಲ್ಲೂ ಆ ವಾಸನೆ ಇರುತ್ತಿತ್ತು.

ಕಾರ್ಕಳದ ಕಡೆಯವರು. ಇಲ್ಲಿನ ಮದುವೆಗಳಲ್ಲಿ ಹೆಂಗಸರ ಹಾಲ್‌ಗೆ ಗಂಡಸರು ಕಾಲಿಡುವಂತಿಲ್ಲ. ವಿಡಿಯೋ ತೆಗೆಯಲೂ ಹೆಂಗಸರೇ ಬೇಕು. ಒಂದು ಸ್ಟುಡಿಯೋದಲ್ಲಿ ಅಕ್ಕನಿಗೆ ಅದೇ ಕೆಲಸ. ವಧುವಿನ ಹಿಂದೆ ತಟ್ಟೆ ಹಿಡಿದು ನಿಂತ ಮನೆಗೆಲಸದವರು ಚಿತ್ರದಲ್ಲಿ ಬಂದರೆ ಕತ್ತರಿಸಲು ಹೇಳುತ್ತಿದ್ದರಂತೆ. ಕತ್ತರಿಸಿ ಕತ್ತರಿಸಿ ಅಕ್ಕನಿಗೆ ರೋಸಿಹೋಯಿತು. ರಜೆಯ ದಿನಗಳಲ್ಲಿ ಆ ಹೆಂಗಸರನ್ನೇ ಚಿತ್ರೀಕರಿಸತೊಡಗಿದರು.

ಅವರಲ್ಲಿ ಕೋಲಾರದ ಕಡೆಯವಳೊಬ್ಬಳಿದ್ದಳು. ಆರು ವರ್ಷ ಅವಳನ್ನು ಊರಿಗೆ ಬಿಟ್ಟಿರಲಿಲ್ಲ. ಪಾಸ್‌ಪೋರ್ಟ್ ಕಫೀಲನ, ಅಂದರೆ ವೀಸಾ ಕೊಟ್ಟು ಕರೆಸಿಕೊಂಡ ಮಾಲೀಕನ, ಬೀರುವಿನಲ್ಲಿ. ತಾಯಿ ಸತ್ತ ಸುದ್ದಿ ಬಂದ ದಿನವೂ ನೆಂಟರಿಗೆ ಅಡುಗೆ ಮಾಡಿ ಬಡಿಸಿದ್ದಳು. ಮರುದಿನ ಬಾಗಿಲು ತೆರೆದು ಹೊರಬಂದಳು. ಮಾಲೀಕ 'ಓಡಿಹೋದವಳು' ಎಂದು ಕೇಸು ಹಾಕಿದ. ಆ ಒಂದು ಮಾತು ಬಿದ್ದರೆ ಸಾಕು, ಅನ್ಯಾಯ ಉಂಡವಳೇ ಅಪರಾಧಿ! ಸಿನಿಮಾದಲ್ಲಿ ಅಕ್ಕ ಅವಳ ಮುಖ ತೋರಿಸದೆ ಕೈಗಳನ್ನಷ್ಟೇ ತೋರಿಸಿದ್ದರು. "ನಾನೇನು ಓಡಿಹೋಗಲಿಲ್ಲಕ್ಕ. ನಡ್ಕೊಂಡೇ ಬಂದೆ, ಮನುಷ್ಯರು ಬರೋ ಹಂಗೆ" ಎನ್ನುತ್ತಿತ್ತು ಆ ಧ್ವನಿ.

ನಮ್ಮ ಕನ್ನಡ ಕೂಟದ ಮಹಿಳಾ ದಿನಾಚರಣೆಯಲ್ಲಿ ಆ ಸಿನಿಮಾವನ್ನು ತೋರಿಸಬಹುದೇ ಎಂದು ಅಕ್ಕ ಕೇಳಿದರು. "ಚಂದ ಉಂಟು ಅಕ್ಕ. ಆದ್ರೆ ನಾಳೆ ನಮ್ಮ ಇಕಾಮಾ ಹೋದ್ರೆ ಯಾರು ಕೇಳ್ತಾರೆ?" ಎಂದರು ಅಧ್ಯಕ್ಷರು. ಇಕಾಮಾ ಎಂದರೆ ಇಲ್ಲಿ ಉಳಿಯಲು ಕೊಡುವ ಪರವಾನಗಿ. ಕೊನೆಗೆ ಕೋಸಂಬರಿ ಸ್ಪರ್ಧೆ ನಡೆಯಿತು. ಹೆಣ್ಣಿನ ಹಕ್ಕಿನ ಹೆಸರಿನಲ್ಲಿ ಸೌತೆಕಾಯಿ ಹೆಚ್ಚಿದೆವು. ನಾನೂ ಹೆಚ್ಚಿದೆ.

ಅಕ್ಕ ಬಿಡಲಿಲ್ಲ. ಒಂದು ಶುಕ್ರವಾರ ಮಧ್ಯಾಹ್ನ ಹನ್ನೆರಡು ಹೆಂಗಸರನ್ನು ಮನೆಗೇ ಕರೆದು ತೋರಿಸಿದರು. ಅವರಲ್ಲೊಬ್ಬರು ಇಲ್ಲಿನವರೇ ಆದ ವಕೀಲೆ. ಸಿನಿಮಾ ಮುಗಿದಾಗ ನಾವೆಲ್ಲ ಅತ್ತೆವು. ಆಕೆ ಅಳಲಿಲ್ಲ, ಪೆನ್ನು ಕೇಳಿದರು. ಕೆಲವು ತಿಂಗಳಲ್ಲಿ ಸುಳ್ಳು ಕೇಸು ಬಿದ್ದುಹೋಗಿ ಕೋಲಾರದವಳು ಊರು ಸೇರಿದಳು.

ಅಷ್ಟರಲ್ಲಿ ಯಾರೋ ಅಕ್ಕನ ಮೇಲೂ ದೂರು ಕೊಟ್ಟಿದ್ದರು. ಅನುಮತಿಯಿಲ್ಲದೆ ಚಿತ್ರ ತೆಗೆದು ದೇಶದ ಹೆಸರು ಕೆಡಿಸಿದರಂತೆ. ಪಾಸ್‌ಪೋರ್ಟ್ ಬಚ್ಚಿಟ್ಟವನಿಂದ ಕೆಡದ ಹೆಸರು ಅಕ್ಕನಿಂದ ಕೆಟ್ಟಿತೇ? ಕ್ಯಾಮೆರಾ ಹೋಯಿತು, ಇಕಾಮಾ ರದ್ದಾಯಿತು, ವಾರದೊಳಗೆ ದೇಶ ಬಿಡಬೇಕೆಂದಾಯಿತು. ತನ್ನ ಪರ ಸಾಕ್ಷಿ ಹೇಳಲು ಬರುತ್ತೀಯಾ ಎಂದು ಅಕ್ಕ ನನ್ನನ್ನು ಕೇಳಿದ್ದರು. ಮಗಳಿಗೆ ಪರೀಕ್ಷೆ ಎಂದುಬಿಟ್ಟೆ.

ಹೊರಡುವ ದಿನ ನಮ್ಮ ಬಾಗಿಲಿಗೆ ಬಂದು ಪೆನ್‌ಡ್ರೈವ್ ಒಂದನ್ನು ಕೈಗಿತ್ತರು. "ನಿಂಗೆ ಹೆದರಿಕೆ ಅಂತ ಗೊತ್ತುಂಟು ಮಾರಾಯ್ತಿ. ತೋರಿಸೋದು ಬೇಡ, ಇಟ್ಕೊ ಸಾಕು." ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ...

ಕಳೆದ ತಿಂಗಳು ಅಕ್ಕ ಊರಿನಲ್ಲಿ ತೀರಿಕೊಂಡರು. ಆ ಸಿನಿಮಾ ಈಗಲಾದರೂ ತೋರಿಸೋಣ ಎಂದು ಕೂಟದವರಿಗೆ ಹೇಳಿದೆ. "ಎರಡು ನಿಮಿಷ ಮೌನ ಇಡುವ. ಸಿನಿಮಾ ಬೇಡ" ಎಂದರು. ಮೌನ! ಅದನ್ನು ಇಷ್ಟು ವರ್ಷ ಆಚರಿಸುತ್ತಲೇ ಬಂದಿದ್ದೇವಲ್ಲ.

ನಾನೇ ಒಂಬತ್ತು ಜನರಿಗೆ ಫೋನ್ ಮಾಡಿದೆ. ಬರುತ್ತೇವೆ ಎಂದವರು ನಾಲ್ವರು. ಇವತ್ತು ನಮ್ಮ ಮನೆಯ ಹಾಲ್‌ನಲ್ಲಿ ಕುರ್ಚಿ ಹಾಕುತ್ತಿದ್ದೇನೆ. ಮೊದಲು ಏನು ಹೇಳಿ ಶುರುಮಾಡಲಿ ಎಂದು ಕೇಳೋಣವೆಂದರೆ ಅಕ್ಕ ಇಲ್ಲ.