ಎರಡು ಹಕ್ಕಿಗಳ ಒಂದು ಕಾಲು

ನನ್ನ ಭಾವನಂಥ ಪುಕ್ಕಲನನ್ನು ನಾನು ಕಂಡಿಲ್ಲ. ಮ್ಯೂಸಿಯಂನ ಹಿಂದಿನ ಕೋಣೆಯಲ್ಲಿ ಮೂವತ್ತು ವರ್ಷ ಕೂತು, ಸೂಜಿ, ಕುಂಚ ಹಿಡಿದು ಕಲ್ಲಿನೊಳಗಿನ ಮೂಳೆಗಳನ್ನು ಬಿಡಿಸಿದವನು. ಕೆಮ್ಮುವಾಗ ಬಾಯಿಗೆ ಕೈ ಅಡ್ಡ ಇಡುತ್ತಿದ್ದ. ಮೂಳೆ ಹಾರೀತೆಂದಲ್ಲ, ಸಾಹೇಬರಿಗೆ ಕೇಳೀತೆಂದು.

ಸಾಹೇಬರೆಂದರೆ ಅಲ್ಲಿನ ಮುಖ್ಯ ವಿದ್ವಾಂಸರು. ಕೈ ಕೆಸರಾದದ್ದು ಭಾವನದು, ಬಾಯಿ ಮೊಸರಾದದ್ದು ಅವರದು.

ಒಮ್ಮೆ, ಎಂದೋ ಅಳಿದುಹೋದ ಕಡಲತೀರದ ಹಕ್ಕಿಯೊಂದರ ಮೂಳೆಗಳು ಬಂದವು. ಭಾವ ಕಾಲಿನ ತುಂಡುಗಳನ್ನು ಅಂಟಿಸಿದ. ಕಾಲು ವಿಪರೀತ ಉದ್ದವಾಯಿತು. ಇಂಥ ಹಕ್ಕಿಯನ್ನು ಜಗತ್ತೇ ಕಂಡಿಲ್ಲ ಎಂದು ಸಾಹೇಬರು ಕುಣಿದಾಡಿದರು. ಪ್ರಬಂಧ ಬರೆದರು, ಪದಕ ಹಾಕಿಸಿಕೊಂಡರು, ದೊಡ್ಡ ಮನಸ್ಸು ಮಾಡಿ ಹಕ್ಕಿಗೆ ಭಾವನ ಹೆಸರಿಟ್ಟರು. ಅಕ್ಕ ಅದರ ಚಿತ್ರಕ್ಕೆ ಕಟ್ಟು ಹಾಕಿಸಿ ಗೋಡೆಗೆ ತೂಗುಹಾಕಿದಳು. ಧೂಳು ಒರೆಸುತ್ತಾ ಒಂದು ದಿನ ಕೇಳಿದಳು:

"ರೀ, ಕಾಲು ಇಷ್ಟುದ್ದ, ಕೊಕ್ಕು ಇಷ್ಟೇ ಇಷ್ಟು. ಇದು ಬಗ್ಗಿ ಹುಳ ಹೆಕ್ತಿದ್ದದ್ದು ಹೇಗೆ?"

ಭಾವನ ಮುಖ ಬಿಳಿಚಿಕೊಂಡಿತು. ಮರುದಿನ ಅಂಟಿಸಿದ ಜಾಗವನ್ನು ಭೂತಗನ್ನಡಿಯಲ್ಲಿ ನೋಡಿದ. ಎರಡು ಬೇರೆ ಬೇರೆ ಹಕ್ಕಿಗಳ ಮೂಳೆ! ಓಡಿಹೋಗಿ ಸಾಹೇಬರಿಗೆ ಹೇಳಿದ.

"ಸುಮ್ನಿರಿ. ಹಕ್ಕಿ ಹೋದ್ರೆ ನಿಮ್ಮ ಹೆಸರೂ ಹೋಗುತ್ತೆ," ಎಂದರು ಅವರು.

ಸುಮ್ಮನಾದ. ಒಂದು ದಿನವಲ್ಲ, ಹನ್ನೊಂದು ವರ್ಷ! "ಥೂ, ಬಾಯಿಗೂ ಅದೇ ಅಂಟು ಹಾಕ್ಕೊಂಡ್ರಾ ಭಾವ?" ಎಂದು ಮುಖದ ಮೇಲೆಯೇ ಕೇಳಿದೆ.

ಅವನ ನಿವೃತ್ತಿಯ ದಿನ ಬೀಳ್ಕೊಡುಗೆ ಸಭೆ. ಅಕ್ಕ, ನಾನು ಮುಂದಿನ ಸಾಲಿನಲ್ಲಿ. ಸಾಹೇಬರು ಉದ್ದದ ಭಾಷಣ ಮುಗಿಸಿ, ಆ ಹಕ್ಕಿಯ ಕಾಲನ್ನು ಎಲ್ಲರಿಗೂ ತೋರಿಸಲೆಂದು ಮೇಜಿನ ಮೇಲಿದ್ದ ತಟ್ಟೆಯ ಬಟ್ಟೆ ಸರಿಸಿದರು. ಕಾಲು ಎರಡು ತುಂಡಾಗಿ ಮಲಗಿತ್ತು. ಪಕ್ಕದಲ್ಲಿ ಭಾವನ ಕೈಬರಹದ ಚೀಟಿ. ಕತ್ತು ಚಾಚಿ ಓದಿದೆ: "ಇವು ಎರಡು ಹಕ್ಕಿಗಳ ಮೂಳೆ. ಈ ಬೆಳಿಗ್ಗೆ ಅಂಟು ಕರಗಿಸಿ ಬಿಡಿಸಿದ್ದೇನೆ. ತಪ್ಪು ನನ್ನದು."

ನನ್ನದಂತೆ! ಮುಚ್ಚಿಟ್ಟವರ ಹೆಸರೆತ್ತಲು ಅಲ್ಲೂ ಧೈರ್ಯವಿಲ್ಲ.

ಸಾಹೇಬರು ಚೀಟಿಯನ್ನು ಮಡಚಿ ಜೇಬಿಗಿಳಿಸುತ್ತಾ ನಕ್ಕರು. "ಅಂಟು ಹಳೇದಾಗಿದೆ. ನಾಳೆ ಬೇರೆಯವರು ಅಂಟಿಸ್ತಾರೆ ಬಿಡಿ."

ಭಾವ ಎದ್ದು ನಿಂತ.

"ಚೀಟಿ ವಾಪಸ್ ಇಡಿ ಸಾರ್. ಹೆಸರು ಹೋದ್ರೆ ಹೋಗ್ಲಿ."

ಸಭೆಗೆ ಸಭೆಯೇ ತಿರುಗಿ ನೋಡಿತು. ಸಾಹೇಬರ ಕೈ ಮೆಲ್ಲಗೆ ಜೇಬಿಗೆ ಹೋಯಿತು, ಚೀಟಿ ತಟ್ಟೆಗೆ ಬಂತು.

ಹನ್ನೊಂದು ವರ್ಷ ಕಾದು ಆಡಿದ್ದು ಎರಡೇ ಮಾತು, ಅದರಲ್ಲೂ 'ಸಾರ್' ಬಿಡಲಿಲ್ಲ. ಅಂದು 'ಥೂ' ಎಂದಿದ್ದ ನನಗೆ ಮಾತ್ರ ಅವನ ಮುಖ ನೋಡಲು ಆಗಲಿಲ್ಲ.